ರಾಯ್ ಕೋಟಿನ ಗುಂಡಿ ಹಾಕಿಕೊಂಡ ಚಳಿಗಾಲ

ಹೋದ ತಿಂಗಳು ಮೆಲ್ಬರ್ನ್‌ಗೆ ಹೋಗಿದ್ದೆ. ಗೆಳತಿಯೊಬ್ಬಳ ಮೊಮ್ಮಗುವಿಗೆ ಹೆಸರಿಡುವ ಕಾರ್ಯಕ್ರಮವಿತ್ತು. ಬೆಳಗಿನಿಂದ ಮಳೆ ಜಿನುಗುತ್ತಿತ್ತು. ಟ್ರ್ಯಾಮ್ ಹತ್ತಿ ಕಂಬ ಹಿಡಿದು ನಿಂತೆ. ಸುತ್ತ ಆಫೀಸಿಗೆ ಹೊರಟ ಜನ, ಎಲ್ಲರ ಮೈಮೇಲೂ ಕಪ್ಪು ಉಣ್ಣೆಯ ಕೋಟು, ಎಲ್ಲವೂ ಒದ್ದೆ. ಬಾಗಿಲು ಮುಚ್ಚಿದ ಕೂಡಲೇ ಒದ್ದೆ ಉಣ್ಣೆಯ ವಾಸನೆ ಡಬ್ಬಿಯೊಳಗೆಲ್ಲ ತುಂಬಿಕೊಂಡಿತು. ಎದೆ ಎಷ್ಟು ಜೋರಾಗಿ ಹೊಡೆದುಕೊಳ್ಳತೊಡಗಿತೆಂದರೆ ಪಕ್ಕದವರಿಗೆ ಕೇಳಿಸುತ್ತದೇನೋ ಅನ್ನಿಸಿತು. ನನ್ನ ಸ್ಟಾಪ್ ಇನ್ನೂ ದೂರವಿತ್ತು. ಆದರೂ ಇಳಿದುಬಿಟ್ಟೆ. ನದಿಯ ದಂಡೆಯಲ್ಲಿ ಉಸಿರು ಸುಧಾರಿಸಿಕೊಂಡು ತಲೆಯೆತ್ತಿದರೆ ಎದುರಿಗೆ ಅದೇ ಸಭಾಭವನ. ಕೆಲವು ವರ್ಷಗಳ ಹಿಂದಿನ ಒಂದು ಚಳಿಗಾಲದಲ್ಲಿ ನಾನು ಇಂಥದೇ ಒದ್ದೆ ಕೋಟುಗಳ ನಡುವೆ, ಮಗಳು ಬದುಕಿದ್ದಾಳೋ ಇಲ್ಲವೋ ತಿಳಿಯದೆ, ಆ ಭವನದ ಬಾಗಿಲಲ್ಲಿ ನಿಂತಿದ್ದೆ.

ಆ ಚಳಿಗಾಲದ ಕತೆ ಹೇಳಬೇಕೆಂದರೆ ರಾಯ್ ಯಾರೆಂದು ಮೊದಲು ಹೇಳಬೇಕು. ಅದು ಅವರ ನಿಜವಾದ ಹೆಸರಲ್ಲ, ನಾನು ಬದಲಿಸಿದ್ದೇನೆ. ಮದುವೆಯಾದ ಹೊಸದರಲ್ಲಿ ನಾವು ಅಮೆರಿಕದ ಒಂದು ಸಣ್ಣ ಬಂದರು ಊರಿನಲ್ಲಿದ್ದೆವು. ನನ್ನ ಗಂಡ ಶಶಿಧರ ಅಲ್ಲಿಯ ವಿಶ್ವವಿದ್ಯಾಲಯದಲ್ಲಿ ಪಿಎಚ್‌ಡಿ ಮಾಡುತ್ತಿದ್ದರು. ನನ್ನ ವೀಸಾದಲ್ಲಿ ಕೆಲಸ ಮಾಡುವಂತಿರಲಿಲ್ಲ. ಹುಬ್ಬಳ್ಳಿಯಲ್ಲಿ ಎಂಎಸ್ಸಿ ಮುಗಿಸಿ ಹೋದವಳು ದಿನವಿಡೀ ಕಿಟಕಿಯಲ್ಲಿ ಕೂತು ಹಡಗುಕಟ್ಟೆಯ ಕ್ರೇನುಗಳನ್ನು ನೋಡುತ್ತಿದ್ದೆ. ಹಡಗು ರಿಪೇರಿ ಬಿಟ್ಟರೆ ಆ ಊರಿಗೆ ಬೇರೆ ಕಸುಬಿರಲಿಲ್ಲ.

ಒಂದು ಮಧ್ಯಾಹ್ನ ಬಾಗಿಲು ಬಡಿದ ಸದ್ದಾಯಿತು. ತೆಳ್ಳಗೆ ಉದ್ದಕ್ಕಿದ್ದ ಮನುಷ್ಯ, ಮುಖದ ತುಂಬ ಕಂದು ಚುಕ್ಕೆ, ಕೈಯಲ್ಲಿ ಕರಪತ್ರ. ಹಡಗುಕಟ್ಟೆಯ ಕೆಲಸಗಾರರ ಪರವಾಗಿ ಕೋರ್ಟಿನಲ್ಲಿ ವಾದಿಸುವ ವಕೀಲ. ಊರಿನ ಶಾಲಾ ಮಂಡಳಿಯ ಚುನಾವಣೆಗೆ ನಿಂತಿದ್ದೇನೆ ಎಂದರು. ನಮಗೆ ಇಲ್ಲಿ ಓಟಿಲ್ಲ ಎಂದೆ. ಅವರು ಹೊರಟುಹೋಗಲಿಲ್ಲ. ಬಸುರಿಯಾಗಿದ್ದ ನನ್ನನ್ನು ನೋಡಿ, "ಹುಟ್ಟೋ ಮಗು ಇದೇ ಊರಿನ ಶಾಲೆಗೆ ಹೋಗತ್ತಲ್ಲ" ಎಂದರು. ಅವರು ಆಡಿದ್ದು ಇಂಗ್ಲಿಷು, ನಾನು ನನ್ನ ಕನ್ನಡದಲ್ಲಿ ಬರೆಯುತ್ತಿದ್ದೇನೆ. ಹೆಸರು ಕೇಳಿದರು. ಗಿರಿಜಾ ಎಂದೆ. ಸರಿಯಾಗಿ ನಾಲಿಗೆ ಹೊರಳುವ ತನಕ ಹೇಳಿ ಹೇಳಿ ಕಲಿತು, ಆಮೇಲೆ ಹೋದರು.

ಮುಂದಿನ ವಾರ ನಾನು ಟೈರ್ ಅಂಗಡಿಯ ಹಿಂದಿದ್ದ ಅವರ ಚುನಾವಣಾ ಕಚೇರಿಯಲ್ಲಿ ಕರಪತ್ರ ಮಡಚುತ್ತಿದ್ದೆ. ಸಂಬಳವಿಲ್ಲದ ಕೆಲಸಕ್ಕೆ ವೀಸಾದ ತೊಂದರೆಯಿರಲಿಲ್ಲ. ಕಚೇರಿ ನಡೆಸುತ್ತಿದ್ದವಳು ಕ್ಯಾಥಿ ಎಂಬ ಗಟ್ಟಿ ದನಿಯ ಹೆಂಗಸು. ರಾಯ್ ಯಾರನ್ನು ಒಮ್ಮೆ ನೋಡಿದರೂ ಹೆಸರು ಮರೆಯುತ್ತಿರಲಿಲ್ಲ. ಹಡಗು ರಿಪೇರಿಯ ಊರಿನವರಾಗಿಯೂ ದೋಣಿ ಹತ್ತಿದರೆ ವಾಂತಿ ಮಾಡಿಕೊಳ್ಳುತ್ತಿದ್ದರು. ಅವರಿಗೆ ಇನ್ನೊಂದು ಅಭ್ಯಾಸವಿತ್ತು. ಉತ್ತರ ಗೊತ್ತಿಲ್ಲದ ಪ್ರಶ್ನೆಯನ್ನು ಯಾರಾದರೂ ಕೇಳಿದರೆ, ಅಥವಾ ಗೊತ್ತಿದ್ದದ್ದನ್ನು ಹೇಳುವ ಮನಸ್ಸಿಲ್ಲದಿದ್ದರೆ, ಕೈ ತಾನಾಗಿ ಕೋಟಿನ ಮೇಲಿನ ಗುಂಡಿಗೆ ಹೋಗುತ್ತಿತ್ತು. ಗುಂಡಿ ಹಾಕಿಕೊಂಡು ಆಮೇಲೆ ಮಾತು. "ಗುಂಡಿಗೆ ಕೈ ಹಾಕಬೇಡ, ನೋಡಿದವರಿಗೆ ಗೊತ್ತಾಗತ್ತೆ" ಎಂದು ಕ್ಯಾಥಿ ಬೈದು ಬೈದು ಸಾಕಾಗಿದ್ದಳು.

ಆ ಚುನಾವಣೆಯಲ್ಲಿ ಅವರು ಸೋತರು. ನಂತರ ರಾಜ್ಯದ ಶಾಸನಸಭೆಗೆ ನಿಂತು ಗೆದ್ದರು. ಅಷ್ಟರಲ್ಲಿ ನಮ್ಮ ಮಗಳು ಅರುಂಧತಿ ಹುಟ್ಟಿದ್ದಳು, ಶಶಿಧರನಿಗೆ ಸಿಡ್ನಿಯಲ್ಲಿ ಸುರಂಗಮಾರ್ಗಗಳ ಕಂಪನಿಯೊಂದರಲ್ಲಿ ಕೆಲಸ ಸಿಕ್ಕಿತು, ನಾವು ಇಲ್ಲಿಗೆ ಬಂದೆವು. ರಾಯ್ ಅವರ ಮುಂದಿನ ಬದುಕು ನನಗೆ ಕ್ಯಾಥಿಯ ಇಮೇಲುಗಳಲ್ಲಿ ತಿಳಿಯುತ್ತಿತ್ತು. ಅವರು ಕಾಂಗ್ರೆಸ್ಸಿಗೆ ಆಯ್ಕೆಯಾದರು. ಅಲ್ಲಿ ಕಾಂಗ್ರೆಸ್ ಎಂದರೆ ಪಕ್ಷವಲ್ಲ, ಸಂಸತ್ತು. ಸೇನೆಯ ವ್ಯವಹಾರ ನೋಡುವ ಸಮಿತಿಗೆ ಸೇರಿ, ತಮ್ಮ ಊರಿನ ಹಡಗುಕಟ್ಟೆ ಮುಚ್ಚದಂತೆ ವರ್ಷಗಟ್ಟಲೆ ಹೊಡೆದಾಡಿದರು. ಹಡಗನ್ನು ಕಾಲಕಾಲಕ್ಕೆ ಕಟ್ಟೆಗೆ ತಂದು ಬಿಚ್ಚಿ ನೋಡದಿದ್ದರೆ ಅದರಲ್ಲಿರುವ ಹುಡುಗರನ್ನು ನಾವೇ ಕೊಂದಂತೆ ಎಂದು ಅವರು ಸಂಸತ್ತಿನಲ್ಲಿ ಆಡಿದ ಮಾತಿನ ವಿಡಿಯೋ ಕ್ಯಾಥಿ ಕಳಿಸಿದ್ದಳು. ಮುಂದೆ ಮೇಲ್ಮನೆಯಾದ ಸೆನೆಟ್‌ಗೆ ನಿಂತು ಸೋತರು. ರಾಜಕೀಯ ಮುಗಿಯಿತು ಅಂದುಕೊಂಡಿದ್ದಾಗ ಹೊಸ ಅಧ್ಯಕ್ಷರು ಕರೆದು ನೌಕಾ ಇಲಾಖೆಯನ್ನು ಅವರ ಕೈಗೆ ಕೊಟ್ಟರು. ನೌಕಾ ಇಲಾಖೆಯ ಸೆಕ್ರೆಟರಿ ಎಂದು ಹುದ್ದೆಯ ಹೆಸರು. ಸೈನಿಕರಲ್ಲ, ಸೈನಿಕರ ಮೇಲೆ ಕೂರುವ ನಾಗರಿಕ ಅಧಿಕಾರಿ.

ಅಷ್ಟು ಹೊತ್ತಿಗೆ ಅರುಂಧತಿ, ನಮ್ಮ ಅರು, ಆಸ್ಟ್ರೇಲಿಯಾದ ನೌಕಾಪಡೆ ಸೇರಿದ್ದಳು.

ಅದು ನಮ್ಮ ಮನೆಯಲ್ಲಿ ಸುಲಭವಾಗಿ ಆದ ಸಂಗತಿಯಲ್ಲ. ಮೆಕ್ಯಾನಿಕಲ್ ಎಂಜಿನಿಯರಿಂಗ್ ಓದಿದ ಹುಡುಗಿ ಸಿಡ್ನಿಯ ಪ್ಯಾರಮಟ್ಟಾದಲ್ಲೋ ನಗರದ ನಡುವಿನಲ್ಲೋ ಆಫೀಸು ಸೇರುತ್ತಾಳೆ, ಕೆಲ್ಲಿವಿಲ್‌ನಲ್ಲಿ ನಮ್ಮ ಹತ್ತಿರವೇ ಮನೆ ಮಾಡುತ್ತಾಳೆ ಎಂದು ನಾವು ಲೆಕ್ಕ ಹಾಕಿದ್ದೆವು. ಮಾರ್ಸ್ಡನ್ ಪಾರ್ಕಿನ ಪದ್ಮಾ ಆಂಟಿ, ಮೈಸೂರಿನಲ್ಲಿ ಪ್ರೊಫೆಸರ್ ಆಗಿದ್ದವರು, ಯುಗಾದಿ ಊಟದಲ್ಲಿ ಎಲ್ಲರೆದುರು ಕೇಳಿಯೇಬಿಟ್ಟರು.

"ಅಯ್ಯೋ, ನೇವಿನಾ? ಯಾಕಮ್ಮಾ, ಮಾರ್ಕ್ಸ್ ಕಡಿಮೆ ಬಂತಾ?"

"ಆಂಟಿ, ಐ ಟಾಪ್ಡ್ ಮೈ ಕ್ಲಾಸ್," ಎಂದು ಅರು ನಕ್ಕಳು.

ಶಶಿಧರ ಮಾತ್ರ ಒಮ್ಮೆಯೂ ಬೇಡ ಅನ್ನಲಿಲ್ಲ. "ಮಷೀನ್ ಅಂದ್ರ ಮಷೀನ್. ಸುರಂಗದಾಗಿದ್ರೇನು, ಸಮುದ್ರದಾಗಿದ್ರೇನು" ಎಂದರು. ಅವರು ಯಾವತ್ತೂ ಹಾಗೆಯೇ. ನನಗೆ ಮನೆ ಕುಸಿದುಬಿದ್ದಂತಾದಾಗಲೂ ಅವರಿಗೆ ಒಂದು ಹೆಂಚು ಜಾರಿದಂತೆ.

ಆ ವರ್ಷ ಚಳಿಗಾಲ ಶುರುವಾಗುವ ಹೊತ್ತಿಗೆ ಸುದ್ದಿಯಲ್ಲಿ ದಿನವೂ ಒಂದೇ ಮಾತು. ಉತ್ತರದ ಕಡೆ, ಎರಡು ದೇಶಗಳು ತಮ್ಮದೆನ್ನುವ ಸಮುದ್ರದಲ್ಲಿ ಹಡಗುಗಳು ಎದುರುಬದುರಾಗಿ ನಿಂತಿವೆ ಎಂದು. ಅಮೆರಿಕದ ಹಡಗುಗಳ ಜೊತೆ ನಮ್ಮವೂ ಹೋಗುತ್ತವೆ ಎಂದರು. ಅರುವಿನ ಹಡಗೂ ಹೊರಟಿತು. ಸಿಡ್ನಿಯ ನೌಕಾನೆಲೆ ಗಾರ್ಡನ್ ಐಲ್ಯಾಂಡಿನ ಕಟ್ಟೆಯಲ್ಲಿ ಗಾಳಿ ಮುಖಕ್ಕೆ ಹೊಡೆಯುತ್ತಿತ್ತು. ಬಿಳಿ ಸಮವಸ್ತ್ರದಲ್ಲಿ ಅವಳನ್ನು ಅಪ್ಪಿಕೊಂಡರೆ ಇಸ್ತ್ರಿಯ ಗಂಜಿ ಕೆನ್ನೆಗೆ ಒರಟಾಗಿ ತಾಗಿತು.

"ಅಮ್ಮಾ, ನನ್ನ ಕಾಲ್ ಬರ್ಲಿಲ್ಲ ಅಂದ್ರೆ ಪ್ಯಾನಿಕ್ ಆಗ್ಬೇಡ. ದೇ ಟರ್ನ್ ಎವ್ರಿಥಿಂಗ್ ಆಫ್. ನ್ಯೂಸ್ ನೋಡ್ತಾ ಕೂತ್ಕೋಬೇಡ, ಪ್ಲೀಸ್."

"ನಮ್ಮ ರಾಯ್ ಅಂಕಲ್‌ಗೆ ಒಂದ್ ಮಾತು…"

"ಅಮ್ಮಾ! ಡೋಂಟ್ ಯು ಡೇರ್." ನಗುತ್ತಲೇ ಹೇಳಿದಳು. ಆದರೆ ಕಣ್ಣು ನಗುತ್ತಿರಲಿಲ್ಲ.

ಮೊದಲ ಕೆಲವು ವಾರ ಆಗಾಗ ಇಮೇಲ್ ಬಂದವು. ಊಟ ಚೆನ್ನಾಗಿದೆ, ನಿದ್ದೆ ಕಡಿಮೆ, ಎಂಜಿನ್ ಕೋಣೆಯಲ್ಲಿ ಸೆಖೆ. ಆಮೇಲೆ ನಿಂತುಹೋದವು. ನಾನು ಪ್ಯಾರಮಟ್ಟಾದ ಒಂದು ರಕ್ತಪರೀಕ್ಷೆಯ ಲ್ಯಾಬಿನಲ್ಲಿ ಕೆಲಸ ಮಾಡುತ್ತಿದ್ದೆ. ಸೂಕ್ಷ್ಮದರ್ಶಕಕ್ಕೆ ಕಣ್ಣಿಟ್ಟು ಕೂತರೆ ಯಾರದೋ ರಕ್ತದ ಕಣಗಳ ನಡುವೆ ಸಮುದ್ರ ಕಾಣುತ್ತಿತ್ತು. ನೋಡಿದ ಸ್ಲೈಡನ್ನೇ ಮತ್ತೆ ನೋಡುತ್ತಿದ್ದೆ. ನನ್ನ ಮೇಲೆ ನನಗೇ ನಂಬಿಕೆ ಹೋಗಿ ರಜೆ ಹಾಕಿದೆ. ಅದು ಇನ್ನೂ ಕೆಟ್ಟದ್ದಾಯಿತು, ಯಾಕೆಂದರೆ ಮನೆಯಲ್ಲಿ ಕಿಟಕಿಗಳಿದ್ದವು.

ಸೇನೆಯಲ್ಲಿ ಯಾರಿಗಾದರೂ ಏನಾದರೂ ಆದರೆ ಫೋನು ಮಾಡುವುದಿಲ್ಲ, ಇಬ್ಬರು ಮನೆಗೇ ಬರುತ್ತಾರೆ ಎಂದು ಯಾರೋ ಹೇಳಿದ್ದು ತಲೆಯಲ್ಲಿ ಕೂತುಬಿಟ್ಟಿತ್ತು. ನಮ್ಮ ಬೀದಿ ಮುಂದೆ ದಾರಿಯಿಲ್ಲದ ಬೀದಿ. ಬಂದ ಕಾರು ಬೀದಿಯ ತುದಿಯಲ್ಲಿ ತಿರುಗಿಯೇ ಹೋಗಬೇಕು. ಪಾರ್ಸೆಲ್ಲಿನ ವ್ಯಾನು, ನೆರೆಮನೆಯ ಕ್ಲೀನರ್, ದಾರಿ ತಪ್ಪಿದವರು, ಪ್ರತಿ ಕಾರಿಗೂ ನಾನು ಪರದೆಯ ಹಿಂದೆ ಹೋಗಿ ನಿಲ್ಲುತ್ತಿದ್ದೆ.

ಆಗಲೇ ಬೆಂಕಿಯ ಸುದ್ದಿ ಬಂತು. ಆ ಸಮುದ್ರದಲ್ಲಿದ್ದ ಅಮೆರಿಕದ ಹಡಗೊಂದಕ್ಕೆ ಬೆಂಕಿ ಬಿದ್ದಿದೆ. ಶತ್ರುಗಳು ಹೊಡೆದರೋ ತಾನಾಗಿ ಹತ್ತಿತೋ ಗೊತ್ತಿಲ್ಲ. ಕೆಲವರು ಸತ್ತಿದ್ದಾರೆ. ಜೊತೆಯಲ್ಲಿದ್ದ ದೇಶಗಳ ನಾವಿಕರಿಗೂ ಗಾಯವಾಗಿರಬಹುದು ಎಂದು ಒಂದು ಚಾನೆಲ್, ಇಲ್ಲ ಎಂದು ಇನ್ನೊಂದು. ಕುಟುಂಬದವರಿಗೆಂದು ನೌಕಾಪಡೆ ಕೊಟ್ಟಿದ್ದ ನಂಬರಿಗೆ ಫೋನ್ ಮಾಡಿದೆ. ಮೆತ್ತಗಿನ ದನಿಯ ಹುಡುಗನೊಬ್ಬ, ಹೇಳುವುದೇನಾದರೂ ಇದ್ದರೆ ಮೊದಲು ನಿಮಗೇ ಹೇಳುತ್ತೇವೆ ಎಂದ. ಆ ಮೆತ್ತಗಿನ ದನಿಯೇ ನನ್ನನ್ನು ಇನ್ನಷ್ಟು ಹೆದರಿಸಿತು.

ಆ ಸಂಜೆ ಟೀವಿಯಲ್ಲಿ ರಾಯ್ ಬಂದರು. ಕೂದಲು ಪೂರ್ತಿ ಬೆಳ್ಳಗಾಗಿತ್ತು. ಸತ್ತವರ ಮನೆಯವರಿಗೆ ಸಂತಾಪ ಹೇಳಿದರು. ಹಡಗು ಸುಸ್ಥಿತಿಯಲ್ಲಿತ್ತೇ ಎಂದು ಒಬ್ಬ ವರದಿಗಾರ ಕೇಳಿದ. ರಾಯ್ ಕೈ ಕೋಟಿನ ಗುಂಡಿಗೆ ಹೋಯಿತು. ಗುಂಡಿ ಹಾಕಿಕೊಂಡು, ಎಲ್ಲವೂ ನಿಯಮದ ಪ್ರಕಾರವೇ ಇತ್ತು ಎಂದರು. ಬೇರೆ ದೇಶಗಳ ನಾವಿಕರಿಗೆ ಏನಾದರೂ ಆಗಿದೆಯೇ ಎಂದು ಇನ್ನೊಬ್ಬಳು ಕೇಳಿದಳು. ಹಾಕಿದ್ದ ಗುಂಡಿಯನ್ನು ಬಿಚ್ಚಿ ಮತ್ತೆ ಹಾಕಿಕೊಂಡರು. ಅಂಥ ಮಾಹಿತಿ ನಮ್ಮ ಬಳಿ ಇಲ್ಲ ಎಂದರು.

ನನ್ನ ಕೈಯಲ್ಲಿದ್ದ ಲೋಟ ಕೆಳಗೆ ಬಿತ್ತು.

"ಅವರು ಸುಳ್ಳು ಹೇಳಾಕತ್ತಾರ್ರೀ. ಗುಂಡಿ ನೋಡ್ರಿ. ಏನೋ ಆಗೈತಿ."

ಶಶಿಧರ ಚೂರುಗಳನ್ನು ಆರಿಸುತ್ತ, "ಗಿರಿಜಾ, ಅಲ್ಲಿ ಥಂಡಿ ಇರಬೇಕು, ಕೋಟು ಹಾಕ್ಕೊಂಡಾರ. ನೀ ಒಂದ್ ಗುಂಡಿ ಹಿಡಕೊಂಡು ಏನೇನೋ ಕಟ್ಟಬ್ಯಾಡ" ಎಂದರು.

ಎರಡು ದಿನ ಕಳೆದಿರಬೇಕು. ಮುಂಜಾನೆ ಹತ್ತರ ಬಿಸಿಲಿನಲ್ಲಿ ಒಂದು ಬಿಳಿ ಕಾರು ನಮ್ಮ ಮನೆಯ ಮುಂದೆ ನಿಂತಿತು. ಒಬ್ಬ ಗಂಡಸು, ಒಬ್ಬ ಹೆಂಗಸು ಇಳಿದರು. ಇಬ್ಬರದೂ ಕಡು ನೀಲಿ ಸೂಟು. ಗಂಡಸು ಮನೆಯ ನಂಬರ್ ನೋಡಿ ಹೆಂಗಸಿಗೆ ಏನೋ ಹೇಳಿದ. ಆಕೆ ಕೂದಲು ಸರಿಮಾಡಿಕೊಂಡು ಮುಖ ಗಂಭೀರ ಮಾಡಿಕೊಂಡಳು. ನಾನು ಪರದೆಯ ಹಿಂದೆ ಗೋಡೆ ಹಿಡಿದು ಕೂತುಬಿಟ್ಟೆ. ಬೆಲ್ ಆಯಿತು. ಏಳಲಿಲ್ಲ. ನಾನು ಬಾಗಿಲು ತೆರೆಯದಿದ್ದರೆ ಅವರು ಹೇಳಲಾರರು, ಅವರು ಹೇಳದಿದ್ದರೆ ಅದು ಆಗಿರುವುದಿಲ್ಲ. ಇಷ್ಟೇ ಯೋಚನೆ, ತಿರುಗಿ ತಿರುಗಿ. ಮತ್ತೆ ಬೆಲ್ ಆಯಿತು. ಮೊಣಕಾಲೂರಿಯೇ ಬಾಗಿಲ ತನಕ ಹೋಗಿ, ಚಿಲಕ ಹಿಡಿದು ಎದ್ದು, ತೆರೆದೆ.

"ಗುಡ್ ಮಾರ್ನಿಂಗ್! ಈ ಬೀದಿಯಲ್ಲಿ ಒಂದು ಮನೆ ಒಳ್ಳೇ ರೇಟಿಗೆ ಮಾರಿದ್ವಿ. ನಿಮಗೂ ಮಾರೋ ಯೋಚನೆ ಏನಾದ್ರೂ ಇದೆಯಾ ಅಂತ…" ಹೆಂಗಸು ಒಂದು ಕ್ಯಾಲೆಂಡರ್ ಚಾಚಿದಳು. ರಿಯಲ್ ಎಸ್ಟೇಟಿನವರು.

ನಾನು ಆ ಕ್ಯಾಲೆಂಡರ್ ತೆಗೆದುಕೊಂಡು ಥ್ಯಾಂಕ್ಯೂ ಹೇಳಿರಬೇಕು. ನನಗೆ ನೆನಪಿಲ್ಲ. ಮಧ್ಯಾಹ್ನ ಸಾರು ತಂದುಕೊಟ್ಟು ನೋಡಿಹೋಗಲು ಬಂದ ಪದ್ಮಾ ಆಂಟಿಗೆ ನಾನು ಹೊಸ್ತಿಲಲ್ಲೇ ಕೂತಿದ್ದದ್ದು ಕಂಡಿತು. ಪಕ್ಕದಲ್ಲಿ ಕೂತು ನನ್ನ ಕೈಯನ್ನು ತಮ್ಮ ಸೀರೆಯ ಮಡಿಲಲ್ಲಿ ಇಟ್ಟುಕೊಂಡರು. ಬಹಳ ಹೊತ್ತಾದ ಮೇಲೆ, "ಆ ಅಮೆರಿಕದೋರು ನಿಂಗೆ ಗೊತ್ತಲ್ವೇನೆ? ಈ ವಾರ ಇಲ್ಲಿಗೇ ಬರ್ತಿದಾರಂತೆ. ಹೋಗಿ ಕೇಳು. ಮಾನ ಮರ್ಯಾದೆ ಎಲ್ಲ ಆಮೇಲೆ ನೋಡ್ಕೊಳೋಣ" ಎಂದರು.

ರಾಯ್ ಬರುವುದು ಬೆಂಕಿಗೆ ಮೊದಲೇ ನಿಗದಿಯಾಗಿತ್ತು. ಸಿಡ್ನಿಯಲ್ಲಿ ಮಾತುಕತೆ, ಆಮೇಲೆ ಮೆಲ್ಬರ್ನ್‌ನಲ್ಲಿ ಹಡಗು ಕಟ್ಟುವವರ ಸಭೆಯಲ್ಲಿ ಭಾಷಣ. ಕ್ಯಾಥಿ ಈಗಲೂ ಅವರ ಜೊತೆಗೇ ಇದ್ದಳು. ಅವಳಿಗೆ ಮೆಸೇಜ್ ಮಾಡಿದೆ. ಇಡೀ ದಿನ ಉತ್ತರವಿಲ್ಲ. ಕೊನೆಗೆ, ಸಿಡ್ನಿಯಲ್ಲಿ ಸಾಧ್ಯವಿಲ್ಲ, ಮೆಲ್ಬರ್ನ್‌ಗೆ ಬಾ, ಭಾಷಣಕ್ಕೆ ಮೊದಲು ಸ್ವಲ್ಪ ಹೊತ್ತು ಸಿಗುತ್ತಾರೆ ಎಂದು ಬರೆದಳು.

ಶಶಿಧರನಿಗೆ ಹೇಳಿದಾಗ ಅವರು ಮೊದಲ ಸಲ ದನಿಯೇರಿಸಿದರು. "ಹುಚ್ಚು ಹಿಡದೈತೇನು ನಿನಗ? ಅಕೀ ನೌಕರಿ ಏನಾಗಬೇಕು? ಅವ್ವ ಹೋಗಿ ಅಮೆರಿಕದ ಸಾಹೇಬರ ಮುಂದ ಅತ್ತಳು ಅಂತ ಹಡಗಿನ ಮಂದೀಗೆ ಗೊತ್ತಾದ್ರ ಅಕೀ ಮಾರಿ ಎಲ್ಲಿ ಇಟ್ಕೋಬೇಕು?"

"ಅಕೀ ಇದ್ರ ತಾನೇ ಮಾರಿ ಇಟ್ಕೊಳ್ಳೋದು," ಎಂದೆ. ಮರುದಿನ ಅವರೇ ನನ್ನನ್ನು ಏರ್‌ಪೋರ್ಟಿಗೆ ಬಿಟ್ಟರು.

ಮೆಲ್ಬರ್ನ್‌ನಲ್ಲಿ ಮಳೆ. ಸಭಾಭವನದ ಬಾಗಿಲಲ್ಲಿ ತಪಾಸಣೆಯ ಸಾಲು ಆಮೆಯಂತೆ ಸರಿಯುತ್ತಿತ್ತು. ನೂರಾರು ಒದ್ದೆ ಕೋಟುಗಳು, ಆ ವಾಸನೆ, ಹೀಟರಿನ ಬಿಸಿಗಾಳಿ. ನನ್ನ ಸುತ್ತ ಜನ ಟರ್ಬೈನಿನ ಬಗ್ಗೆ, ಕಾಂಟ್ರ್ಯಾಕ್ಟಿನ ಬಗ್ಗೆ, ನಿನ್ನೆಯ ಫುಟ್ಬಾಲ್ ಮ್ಯಾಚಿನ ಬಗ್ಗೆ ಹರಟುತ್ತಿದ್ದರು. ಬೆಂಕಿಯ ಮಾತು ಯಾರ ಬಾಯಲ್ಲೂ ಇರಲಿಲ್ಲ. ಓಡಿಹೋಗಬೇಕೆನ್ನಿಸಿತು. ಅವರು ನಿಜ ಹೇಳಿಬಿಟ್ಟರೆ? ಆ ನಿಜವನ್ನು ಹೊತ್ತು ಸಿಡ್ನಿಗೆ ಒಬ್ಬಳೇ ಹೇಗೆ ಹೋಗಲಿ? ಅಷ್ಟರಲ್ಲಿ ಕ್ಯಾಥಿ ಬಂದು ನನ್ನ ಮೊಣಕೈ ಹಿಡಿದು ಪಕ್ಕದ ಒಂದು ಸಣ್ಣ ಕೋಣೆಗೆ ಕರೆದೊಯ್ದಳು.

ರಾಯ್ ಎದ್ದು ನಿಂತರು. "ಗಿರಿಜಾ," ಎಂದರು. ಅಷ್ಟು ವರ್ಷಗಳ ಮೇಲೂ ಸರಿಯಾಗಿ. ಅವರ ಕಣ್ಣಿನ ಕೆಳಗೆ ಕಪ್ಪು ಕಟ್ಟಿತ್ತು.

ನಾನು ಕೂರಲಿಲ್ಲ. ಅಭ್ಯಾಸ ಮಾಡಿಕೊಂಡು ಹೋಗಿದ್ದ ಮಾತೆಲ್ಲ ಮರೆತುಹೋಯಿತು. "ನನ್ನ ಮಗಳು ಅಲ್ಲಿದಾಳೆ. ಹಡಗಿನ ಹೆಸರು ಇದು," ಎಂದು ಚೀಟಿ ಚಾಚಿದೆ. "ಅವಳು ಬದುಕಿದಾಳಾ, ಅಷ್ಟು ಹೇಳಿ."

ಅವರ ಕೈ ಗುಂಡಿಯ ಕಡೆಗೆ ಹೋಯಿತು. ನಾನು ಅದನ್ನೇ ನೋಡುತ್ತಿದ್ದೇನೆಂದು ಅವರಿಗೆ ತಿಳಿಯಿತು. ಕೈಯನ್ನು ಕೆಳಗಿಳಿಸಿದರು.

"ನಾನು ಹಡಗುಗಳಿಗೆ ಆಜ್ಞೆ ಕೊಡೋನಲ್ಲ ಗಿರಿಜಾ. ಇದು ಹೊರಗಿನೋರಿಗೆ ಗೊತ್ತಿರಲ್ಲ. ಹಡಗು ಕಟ್ಟಿಸೋದು, ರಿಪೇರಿ ಮಾಡಿಸೋದು, ಜನರನ್ನ ಸೇರಿಸಿಕೊಳ್ಳೋದು, ಅದು ನನ್ನ ಕೆಲಸ. ಯಾವ ಹಡಗು ಎಲ್ಲಿ ಹೋಗಬೇಕು, ಏನು ಮಾಡಬೇಕು ಅನ್ನೋ ಆಜ್ಞೆ ನನ್ನ ಮೇಜಿನ ಮೇಲೆ ಹಾದುಹೋಗಲ್ಲ. ನಿಮ್ಮ ದೇಶದ ಹಡಗಂತೂ ಅಲ್ಲವೇ ಅಲ್ಲ."

"ಆದ್ರೆ ನಿಮಗೆ ಗೊತ್ತಿದೆ."

ಅವರು ಕುರ್ಚಿಯ ಬೆನ್ನು ಹಿಡಿದುಕೊಂಡರು. "ಸ್ವಲ್ಪ ಗೊತ್ತಿದೆ. ಅದನ್ನ ನಿಮಗೆ ಹೇಳಲಾರೆ. ನಿಮಗೊಬ್ಬರಿಗೆ ಹೇಳಿದರೆ, ಬಾಗಿಲು ಬಡಿಯೋರನ್ನ ಕಾಯ್ತಾ ಕೂತಿರೋ ಉಳಿದ ತಾಯಂದಿರಿಗೆ ನಾನು ಏನು ಹೇಳಲಿ?"

ಆಗ ನನಗೆ ಬಂದ ಸಿಟ್ಟು ಇವತ್ತಿಗೂ ಮೈ ಬಿಸಿಮಾಡುತ್ತದೆ. "ನೀವು ನಮ್ಮ ಮನೆ ಬಾಗಿಲಿಗೆ ಬಂದಿದ್ದಿರಿ. ಇವಳು ನನ್ನ ಹೊಟ್ಟೆಯಲ್ಲಿದ್ದಳು" ಎಂದೆ. ಬೇರೇನೂ ಹೊಳೆಯಲಿಲ್ಲ.

"ನೆನಪಿದೆ," ಎಂದರು. ಅವರ ಕೈ ನಡುಗುತ್ತಿತ್ತು. ನೀರಿನ ಲೋಟ ಎತ್ತಲು ಹೋಗಿ ಬಿಟ್ಟರು. ಆಗ ನನಗೆ ಅರ್ಥವಾಯಿತು, ಈ ಮನುಷ್ಯನೂ ಹೆದರಿದ್ದಾರೆ, ನನ್ನಷ್ಟೇ. ಅದು ನನಗೆ ಸಮಾಧಾನ ಕೊಡಲಿಲ್ಲ. ಅಷ್ಟು ಎತ್ತರದಲ್ಲಿ ಕೂತವರೇ ನಡುಗಿದರೆ ಕೆಳಗೆ ಎಂಜಿನ್ ಕೋಣೆಯಲ್ಲಿರುವವಳ ಗತಿಯೇನು ಎನ್ನಿಸಿತು.

ಕ್ಯಾಥಿ ನನ್ನನ್ನು ಸಭೆಯ ಕೊನೆಯ ಸಾಲಿನಲ್ಲಿ ಕೂರಿಸಿದಳು. ರಾಯ್ ವೇದಿಕೆ ಹತ್ತಿ ಬರೆದುಕೊಂಡು ಬಂದಿದ್ದ ಹಾಳೆಗಳನ್ನು ಓದತೊಡಗಿದರು. ಎರಡು ದೇಶಗಳ ಸ್ನೇಹ, ಹೊಸ ಹಡಗುಗಳು. ನಡುವೆ ನಿಲ್ಲಿಸಿದರು. ಹಾಳೆಗಳನ್ನು ಮಗುಚಿಟ್ಟರು. ಕೋಟು ತೆರೆದೇ ಇತ್ತು.

"ಬೆಂಕಿ ಬಿದ್ದ ಹಡಗು ಸುಸ್ಥಿತಿಯಲ್ಲಿತ್ತು ಅಂತ ನಾನು ಹೇಳಿದ್ದೆ. ಅದು ನಿಜವಲ್ಲ. ಅದು ರಿಪೇರಿಗೆ ಹೋಗಬೇಕಾಗಿತ್ತು. ಹಡಗು ಸಾಲದು, ಇನ್ನೂ ಸ್ವಲ್ಪ ಕಾಲ ಸಮುದ್ರದಲ್ಲೇ ಇರಲಿ ಅಂತ ನನ್ನನ್ನ ಕೇಳಿದರು. ನಾನು ಒಪ್ಪಿ ಸಹಿ ಹಾಕಿದೆ. ಅದೊಂದೇ ಅಲ್ಲ, ಇನ್ನೂ ಕೆಲವು ಹಡಗುಗಳಿಗೂ ಹಾಕಿದೆ. ನಾನು ಹಡಗುಕಟ್ಟೆಯ ಊರಿನವನು. ಅದರ ಅರ್ಥ ಏನು ಅಂತ ನನಗೆ ಗೊತ್ತಿತ್ತು."

ಸಭೆಯಲ್ಲಿ ಒಮ್ಮೆಗೇ ಗದ್ದಲವೆದ್ದಿತು. ಫೋನುಗಳು ಮೇಲೆದ್ದವು. ನನ್ನ ಪಕ್ಕದಲ್ಲಿದ್ದ ಮುದುಕರೊಬ್ಬರು, "ಈತನ ಕತೆ ಮುಗೀತು" ಎಂದರು, ಬೈಗುಳವೂ ಅಲ್ಲದ ಹೊಗಳಿಕೆಯೂ ಅಲ್ಲದ ದನಿಯಲ್ಲಿ.

ಮುಗಿದೇ ಹೋಗಿತ್ತು. ರಾಯ್ ತಮ್ಮ ದೇಶದ ನೆಲ ಮುಟ್ಟುವ ಮೊದಲೇ ಅವರನ್ನು ಹುದ್ದೆಯಿಂದ ತೆಗೆದುಹಾಕಿದರು. ಟೈರ್ ಅಂಗಡಿಯ ಹಿಂದೆ ಶುರುವಾದದ್ದು ಮೆಲ್ಬರ್ನಿನ ಯಾರ್ರಾ ನದಿಯ ದಂಡೆಯಲ್ಲಿ ಹೀಗೆ ಕೊನೆಯಾಯಿತು. ಟೀವಿಯಲ್ಲಿ ಕೆಲವರು ದೇಶದ್ರೋಹಿ ಎಂದರು, ಕೆಲವರು ತಡವಾಗಿ ಬುದ್ಧಿ ಬಂದವನೆಂದರು. ಪದ್ಮಾ ಆಂಟಿ ಮಾತ್ರ, ನೀನು ಹೋಗಿದ್ದಕ್ಕೇ ಅವರ ಬಾಯಿಂದ ನಿಜ ಬಂತು ಎಂದು ಊರಿಗೆಲ್ಲ ಹೇಳಿಕೊಂಡು ಬಂದರು. ಅದು ಸರಿಯಲ್ಲ. ಕ್ಯಾಥಿ ಹೇಳಿದಂತೆ ಅವರು ಆ ಮಾತುಗಳನ್ನು ವಿಮಾನದಲ್ಲೇ ಗಟ್ಟಿಮಾಡಿಕೊಂಡಿದ್ದರು. ನಾನು ಹೋಗದಿದ್ದರೂ ಆಡುತ್ತಿದ್ದರು. ಆಡುತ್ತಿದ್ದರೆಂದು ನಂಬಿದ್ದೇನೆ.

ಸಹಿ ಹಾಕಿ ಸಮುದ್ರದಲ್ಲಿ ಉಳಿಸಿದ್ದ ಹಡಗುಗಳನ್ನೆಲ್ಲ ತಪಾಸಣೆಗೆಂದು ವಾಪಸು ಕರೆಸಿದರು. ಜೊತೆಗಿದ್ದ ನಮ್ಮ ಹಡಗೂ ಹಿಂತಿರುಗಿತು. ಅಷ್ಟರ ನಡುವೆ ಅರುವಿನಿಂದ ಒಂದೇ ಸಾಲಿನ ಇಮೇಲ್ ಬಂತು: "ಅಯಾಮ್ ಓಕೆ. ಸಾರಿ." ಆ ಸಾರಿ ಯಾಕೆಂದು ತಿಳಿಯದೆ ಅವಳು ಬರುವ ತನಕ ಮತ್ತೆ ಹೆದರಿದೆ.

ವಸಂತದ ಮೊದಲ ವಾರಗಳಲ್ಲಿ ಮನೆಗೆ ಬಂದಳು. ಸೊರಗಿದ್ದಳು, ಮಾತು ಕಡಿಮೆ, ಮೆಟ್ಟಿಲು ಹತ್ತಿದರೆ ಕೆಮ್ಮು. ಒಂದು ಶನಿವಾರ ನಾವಿಬ್ಬರೇ ಪ್ಯಾರಮಟ್ಟಾದ ಟ್ರಾಫಿಕ್ಕಿನಲ್ಲಿ ಸಿಕ್ಕಿಕೊಂಡಿದ್ದಾಗ, ಮುಂದಿನ ಕಾರನ್ನು ನೋಡುತ್ತಲೇ ಹೇಳತೊಡಗಿದಳು.

ಬೆಂಕಿ ಬಿದ್ದ ದಿನ ಅವಳ ಹಡಗು ಹತ್ತಿರದಲ್ಲೇ ಇತ್ತು. ನಂದಿಸಲು ಒಂದು ತಂಡ ಆ ಹಡಗಿಗೆ ದಾಟಿತು. ಎಂಜಿನಿಯರ್ ಬೇಕಾಗಿತ್ತು. ಇವಳೂ ಹೋದಳು. ಅಲ್ಲಿಯ ನೀರಿನ ಪಂಪು ಕೆಲಸ ಮಾಡಲಿಲ್ಲ. ಹೊಗೆಯಲ್ಲಿ ತಡಕಾಡುತ್ತ ಇವಳು ಮತ್ತು ಒಬ್ಬ ಅಮೆರಿಕದ ಹುಡುಗ ಇನ್ನೊಂದು ಪಂಪಿಗೆ ಪೈಪು ಜೋಡಿಸಿದರು. ಆ ಹುಡುಗ ಒಳಗೆ ಉಳಿದ ಗೆಳೆಯನನ್ನು ಕರೆತರಲು ಹಿಂದಕ್ಕೆ ಹೋದ, ಹೊರಗೆ ಬರಲಿಲ್ಲ. ಹೊಗೆ ಕುಡಿದು ಬಿದ್ದ ಇವಳನ್ನು ಯಾರೋ ಎಳೆದು ತಂದರು. ಸಣ್ಣ ಗಾಯ, ಮನೆಗೆ ತಿಳಿಸಬೇಡಿ ಎಂದು ಡಾಕ್ಟರಿಗೆ ತಾನೇ ಹೇಳಿದ್ದಳು.

ಗುಂಡಿ ಸುಳ್ಳು ಹೇಳಿರಲಿಲ್ಲ. ಆದರೆ ಅದನ್ನು ಶಶಿಧರನಿಗೆ ತೋರಿಸಿ ಗೆಲ್ಲುವ ಮನಸ್ಸು ನನಗೆ ಬರಲಿಲ್ಲ. ನಾನು ಮೆಲ್ಬರ್ನ್‌ಗೆ ಹೋಗಿದ್ದನ್ನು ಅವಳಿಗೆ ಹೇಳಿದೆ. ಹಿಂದಿನಿಂದ ಯಾರೋ ಹಾರ್ನ್ ಹೊಡೆದರು.

"ಡಿಡ್ ಹಿ ಟೆಲ್ ಯು ಎನಿಥಿಂಗ್? ನಮ್ ಬಗ್ಗೆ?"

"ಇಲ್ಲ. ಎಷ್ಟು ಕೇಳಿದ್ರೂ ಹೇಳಲಿಲ್ಲ."

"ಗುಡ್." ಉಸಿರು ಬಿಟ್ಟಳು. "ಹೇಳಿದ್ರೆ ಐ ಕುಡ್ ನೆವರ್ ಗೋ ಬ್ಯಾಕ್ ಆನ್ ಬೋರ್ಡ್, ಅಮ್ಮಾ. ಆ ಹುಡುಗನ ಅಮ್ಮಂಗೆ ಆಗಿನ್ನೂ ಯಾರೂ ಹೇಳಿರಲಿಲ್ಲ."

ಅವಳು ಮತ್ತೆ ಹೋಗುತ್ತಾಳೆ ಎನ್ನುವುದು ನನಗೆ ತಿಳಿದದ್ದು ಹಾಗೆ.

ಬೇಸಿಗೆಯ ನಡುವೆ ಅವಳನ್ನು ಮತ್ತೆ ಕಟ್ಟೆಗೆ ಬಿಟ್ಟೆವು. ಶಶಿಧರ ಚೀಲ ಇಳಿಸಿಕೊಟ್ಟರು, ಬೆನ್ನು ತಟ್ಟಿದರು, ಎಂಜಿನಿನ ಬಗ್ಗೆ ಏನೋ ಕೇಳಿ ನಕ್ಕರು. ಅವಳು ಗೇಟು ದಾಟಿ ತಿರುಗಿ ಕೈಬೀಸಿದಳು. ಕಾಣದಾಗುವ ತನಕ ನೋಡಿ ನಾವು ಕಾರಿನೊಳಗೆ ಕೂತೆವು. ಶಶಿಧರ ಕೀಲಿ ಹಿಡಿದುಕೊಂಡೇ ಕೂತಿದ್ದರು. ಹೊರಡಲೇ ಇಲ್ಲ.

"ಯಾಕ್ರೀ?" ಎಂದೆ.

ಅವರು ನನ್ನ ಕಡೆ ನೋಡಲಿಲ್ಲ. ಕೀಲಿಯನ್ನು ನನ್ನ ಮಡಿಲಲ್ಲಿಟ್ಟರು.

"ನೀನ ಓಡಸು. ನನ್ನ ಕೈ ನಿಲ್ಲವಲ್ವು. ಅಕೀ ಹೋದಾಗೆಲ್ಲಾ ಹಿಂಗ ನಡಗತಾವ, ಹೋದ ವರ್ಷಾನೂ ಹಿಂಗ ಇತ್ತು. ನಿನಗ ಹೇಳಿದ್ರ ನೀ ಇನ್ನೂ ಹೆದರತಿದ್ದಿ."

ನಾನು ಇಳಿದು ಸುತ್ತು ಹಾಕಿ ಬಂದು ಅವರ ಬಾಗಿಲು ತೆಗೆದೆ. ಅವರು ಪಕ್ಕದ ಸೀಟಿಗೆ ಹೋಗಿ ಕೂತು ಎರಡೂ ಕೈಗಳನ್ನು ತೊಡೆಗಳ ನಡುವೆ ಒತ್ತಿಕೊಂಡರು. ಸೀಟನ್ನು ಮುಂದಕ್ಕೆಳೆದುಕೊಂಡು ಕಾರು ಶುರುಮಾಡಿ ಕೆಲ್ಲಿವಿಲ್‌ನ ದಾರಿ ಹಿಡಿದೆ.